ನಮ್ಮ ಬಾಗಿಲು ದಾಟಿ ಹೋದ ಪೊಟ್ಟಣ

ನಮ್ಮ ಮನೆ ಬಿಟ್ಟು ಪಕ್ಕದ ಮನೆಯ ಬಾಗಿಲು ತಟ್ಟಿದರು. ನಾನು ಕಿಟಕಿಯ ಪರದೆ ಹಿಡಿದು ನಿಂತೇ ಇದ್ದೆ. ಮುಂದೆ ಮದುಮಗಳು ವೆಂಡುಲಾ, ಹಿಂದೆ ಬಿಳಿ ಬಟ್ಟೆ ಹೊದಿಸಿದ ಬುಟ್ಟಿಗಳನ್ನು ಹಿಡಿದ ಅವಳ ಗೆಳತಿಯರು. ಹೆಡ್ವಿಕಾಳ ಮನೆಗೆ ಒಂದು ಪೊಟ್ಟಣ, ಅದರಾಚೆ ಮೇಷ್ಟ್ರ ಮನೆಗೆ ಒಂದು, ಕೊನೆಗೆ ಪಟ್ಟಣದಿಂದ ಬಂದು ವರ್ಷ ಕೂಡ ತುಂಬದ, ಹೆಸರೂ ಯಾರಿಗೂ ಸರಿಯಾಗಿ ಗೊತ್ತಿಲ್ಲದ ಆ ಗಂಡ ಹೆಂಡತಿಗೂ ಒಂದು. ನಮ್ಮ ಗೇಟಿನ ಮುಂದೆ ಮಾತ್ರ ಆ ಹುಡುಗಿಯರ ಕಾಲು ನಿಧಾನವಾಗಲೂ ಇಲ್ಲ. ಆ ಬುಟ್ಟಿಯಲ್ಲಿದ್ದ, ಹೂರಣ ತುಂಬಿದ ಪುಟ್ಟ ಸಿಹಿ ಬನ್ನುಗಳಂಥ ಕೊಲಾಚ್‌ಗಳಿಗೆ ಕಣಕ ನಾದಿದವಳು ನಾನು, ಅವನ್ನು ಓವನ್ನಿಗೆ ಇಟ್ಟು ತೆಗೆದವಳು ನಾನು, ಬಿಸಿಬಿಸಿ ಇರುವಾಗಲೇ ಬೆಣ್ಣೆ ಸವರಿ ಕೈ ಸುಟ್ಟುಕೊಂಡವಳೂ ನಾನೇ. ವೆಂಡುಲಾ ಬೇರೆ ಯಾರೂ ಅಲ್ಲ, ನನ್ನ ಸ್ವಂತ ತಮ್ಮ ಅಲೋಯಿಸನ ಮಗಳು.

ಮೈಯೆಲ್ಲ ಉರಿದುಹೋಯಿತು. ನನ್ನ ಹಿಂದೆ ಕುರ್ಚಿಯಲ್ಲಿ ನನ್ನ ಗಂಡ ಸಿರಿಲ್ ಪೇಪರ್ ಓದುವವನಂತೆ ಕೂತಿದ್ದ. ಅವತ್ತು ಬೆಳಗ್ಗೆ ಎದ್ದವನೇ ಗಡ್ಡ ಹೆರೆದು, ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡಿದ್ದ. ಹುಡುಗಿಯರ ನಗು ಬೀದಿಯ ಕೊನೆಗೆ ಹೋಗಿ ನಿಂತ ಮೇಲೆ ಅವನು ಮೆಲ್ಲಗೆ ಎದ್ದು ಒಳಗೆ ಹೋದ. ಅಂಗಿ ಬಿಚ್ಚಿಟ್ಟು ಹಳೆಯ ಸ್ವೆಟರ್ ಹಾಕಿಕೊಂಡು ಬಂದು ಮತ್ತೆ ಅದೇ ಪೇಪರ್ ಹಿಡಿದ. ಅದನ್ನು ನೋಡಿದೆನಲ್ಲ, ಆಗ ನನ್ನ ತಮ್ಮನನ್ನು ಕೈಗೆ ಸಿಕ್ಕಿದ್ದರಲ್ಲಿ ಬಾರಿಸಬೇಕು ಅನ್ನಿಸಿತು.

ನಮ್ಮೂರಿನಲ್ಲಿ ಮದುವೆಯ ಪೊಟ್ಟಣವೆಂದರೆ ಬಾಯಿಚಪಲಕ್ಕೆ ಕೊಡುವ ತಿಂಡಿಯಲ್ಲ. ಮದುವೆಯ ಹಿಂದಿನ ವಾರ ಮದುಮಗಳೇ ಮನೆಮನೆಗೆ ಹೊತ್ತುಕೊಂಡು ಹೋಗಿ ಕೊಡಬೇಕು. ಪೊಟ್ಟಣ ಬಂದ ಮನೆಗೆ ಮರ್ಯಾದೆ ಬಂತು. ಮಾತು ಬಿಟ್ಟವರ ಮನೆಗೆ ಬಂತೆಂದರೆ ಜಗಳ ಮುಗಿಯಿತು ಅಂತಲೇ ಅರ್ಥ. ಯಾರೂ ಯಾರ ಕಾಲೂ ಹಿಡಿಯಬೇಕಿಲ್ಲ, ಹಳೆಯದನ್ನು ಕೆದಕಬೇಕಿಲ್ಲ, ಒಂದು ಕೊಲಾಚ್ ಬಾಯಿಗೆ ಹಾಕಿಕೊಂಡರೆ ಸಾಕು. ಪೊಟ್ಟಣ ಬಾರದ ಮನೆಯವರು ಊರಿನಲ್ಲಿ ಇದ್ದರೂ ಇಲ್ಲದ ಹಾಗೆ. ಭಾನುವಾರ ಚರ್ಚಿನ ಮುಂದೆ ನಿಂತಾಗ ಜನ ಅವರ ಮುಖ ನೋಡದೆ ಹವೆಯ ವಿಚಾರ ಮಾತಾಡುತ್ತಾರೆ.

ನಮ್ಮ ಎರಡು ಮನೆಗಳ ಜಗಳದ ಮೂಲ ಪ್ಲಮ್ ಸಾರಾಯಿ. ಭಟ್ಟಿಯವರು ಸ್ವಲ್ಪ ಸ್ವಲ್ಪ ಹಣ್ಣಿಗೆಲ್ಲ ಒಲೆ ಹೊತ್ತಿಸುವುದಿಲ್ಲ. ಹಾಗಾಗಿ ನಾವು ಹುಳಿಬರಿಸಿದ ಹಣ್ಣಿನ ಪೀಪಾಯಿ, ಅಲೋಯಿಸನ ಪೀಪಾಯಿ, ಎಲ್ಲ ಒಂದೇ ಗಾಡಿಯಲ್ಲಿ ಹೋಗಿ, ಒಟ್ಟಿಗೆ ಭಟ್ಟಿ ಇಳಿದು, ಆಮೇಲೆ ಪಾಲಾಗುತ್ತಿತ್ತು. ಒಂದು ವರ್ಷ ಇಳಿದ ಸಾರಾಯಿ ಕುಡಿದವರಿಗೆಲ್ಲ ಮರುದಿನ ತಲೆ ಸಿಡಿಯಿತು. ಹಣ್ಣಿನ ಲೆಕ್ಕಕ್ಕೆ ಸಾರಾಯಿಯೂ ಜಾಸ್ತಿ ಬಂದಿತ್ತು. ಯಾರೋ ಪೀಪಾಯಿಗೆ ಸಕ್ಕರೆ ಸುರಿದಿದ್ದಾರೆಂದು ಗುಸುಗುಸು ಎದ್ದಿತು. ನಮ್ಮ ಕಡೆ ಹಣ್ಣಿಗೆ ಸಕ್ಕರೆ ಸುರಿಯುವವನೆಂದರೆ ಹಾಲಿಗೆ ನೀರು ಬೆರೆಸುವವನಿಗಿಂತಲೂ ಕೀಳು. ಹೊಸ ದ್ರಾಕ್ಷಾರಸ ರುಚಿ ನೋಡುವ ದಿನ ಗಂಡಸರೆಲ್ಲ ನೆಲಮಾಳಿಗೆಯಲ್ಲಿ ಸೇರಿದ್ದಾಗ ನನ್ನ ತಮ್ಮ ಆ ಸಾರಾಯಿಯ ಲೋಟ ಎತ್ತಿ ಹಿಡಿದು, ಇದರಲ್ಲಿ ಪ್ಲಮ್ ಹುಡುಕಬೇಡಿ, ಸಕ್ಕರೆ ಕಾರ್ಖಾನೆ ಎಲ್ಲಿದೆ ಅಂತ ನಮ್ಮ ಭಾವನನ್ನು ಕೇಳಿ, ಅಂದನಂತೆ. ಎಲ್ಲರೂ ಹೊಟ್ಟೆ ಹಿಡಿದು ನಕ್ಕರಂತೆ. ಸಿರಿಲ್ ಲೋಟ ಕೆಳಗಿಟ್ಟು ಎದ್ದು ಬಂದ.

ಅಲ್ಲಿಂದ ಮಾತು ನಿಂತಿತು. ಎದುರುಬದುರು ಮನೆ, ಬಾಗಿಲು ತೆರೆದರೆ ಅವರ ಮುಖ ನಮಗೆ, ನಮ್ಮ ಮುಖ ಅವರಿಗೆ. ನಾನು ಗಂಡನ ಪರ ನಿಂತೆ. ನಿಲ್ಲದೆ ಇನ್ನೇನು? ನೀನು ಹಾಕಿದೆಯಾ ಅಂತ ಅವತ್ತು ಒಂದೇ ಸಲ ಕೇಳಿದ್ದೆ, ಅವನು ನನ್ನನ್ನು ನೋಡಿ, ನೀನೂ ಕೇಳ್ತೀಯಾ, ಅಂದಿದ್ದ. ನನಗೆ ನಾಚಿಕೆಯಾಗಿತ್ತು. ಮತ್ತೆ ಕೇಳಲಿಲ್ಲ. ಅಂಗಡಿಯಲ್ಲಿ, ಬಸ್ಸಿನಲ್ಲಿ, ಗೋರಿಗಳ ಹತ್ತಿರ ಹೂವಿಗೆ ನೀರು ಹಾಕುವಾಗ, ಎಲ್ಲಿ ಯಾರು ಆ ಸುದ್ದಿ ಎತ್ತಿದರೂ ಅವರ ಮೇಲೆ ಹರಿಹಾಯ್ದೆ. ಬ್ಲಾಜೆನಾಳ ಬಾಯಿಗೆ ಬೀಳಬೇಡಿ ಅಂತ ಊರಿಗೆ ಊರೇ ನನ್ನ ಬಗ್ಗೆ ಮಾತಾಡಿಕೊಂಡಿತು. ಮಾತಾಡಿಕೊಳ್ಳಲಿ ಅಂತ ನಾನೂ ಸುಮ್ಮನಾದೆ.

ಇದರಲ್ಲಿ ನಾನು ಕಳೆದುಕೊಂಡದ್ದು ಒತೀಲಿಯೆಯನ್ನು. ಅವಳು ಅಲೋಯಿಸನ ಹೆಂಡತಿ ಆಗುವ ಮೊದಲು ಶಾಲೆಯಲ್ಲಿ ನನ್ನ ಬೆಂಚಿನವಳು. ಅವಳನ್ನು ತಮ್ಮನಿಗೆ ತಂದುಕೊಂಡವಳೂ ನಾನೇ. ಗಂಡಸರ ಜಗಳದಲ್ಲಿ ನಾವಿಬ್ಬರು ಮೊದಮೊದಲು ಚರ್ಚಿನ ಹಿಂದೆ ಕದ್ದು ಮಾತಾಡುತ್ತಿದ್ದೆವು, ಆಮೇಲೆ ಅದೂ ನಿಂತಿತು. ಹೋದ ಚಳಿಗಾಲದ ಹಿಂದಿನ ಚಳಿಗಾಲ ಅವಳು ಹಾಸಿಗೆ ಹಿಡಿದಳು. ನಾನು ನೋಡಲು ಬರುತ್ತೇನೆಂದು ಹೆಡ್ವಿಕಾಳ ಕೈಯಲ್ಲಿ ಹೇಳಿ ಕಳಿಸಿದೆ. ನಿನ್ನ ಗಂಡ ತಪ್ಪು ಒಪ್ಪಿಕೊಳ್ಳುವ ತನಕ ನನ್ನ ಹೊಸಿಲು ತುಳಿಯಬೇಡ ಅಂತ ತಮ್ಮನಿಂದ ಉತ್ತರ ಬಂತು. ಅವಳು ಸತ್ತ ದಿನ ನಾನು ದೂರದ ಊರಿನವರ ಸಾಲಿನಲ್ಲಿ ನಿಂತು ಗುಂಡಿಗೆ ಒಂದು ಹಿಡಿ ಮಣ್ಣು ಹಾಕಿ ಬಂದೆ. ಆ ಉರಿ ಇವತ್ತಿಗೂ ಆರಿಲ್ಲ.

ಇಂಥ ತಮ್ಮ ಈ ವಸಂತದಲ್ಲಿ ನಮ್ಮ ತೋಟದ ಬೇಲಿಯ ಹತ್ತಿರ ಬಂದು ನಿಂತ. ನಾನು ಈರುಳ್ಳಿ ನೆಡುತ್ತಿದ್ದೆ. ಮದುಮಗಳ ತಾಯಿ ಇಲ್ಲದಿದ್ದರೆ ತಂದೆಯ ಅಕ್ಕನೇ ಒಲೆಯ ಮುಂದೆ ನಿಲ್ಲಬೇಕು, ಅದು ನಮ್ಮಲ್ಲಿಯ ಪದ್ಧತಿ. ಅದನ್ನು ಬಿಟ್ಟರೆ ಅವನಿಗೆ ನನ್ನಿಂದ ಆಗಬೇಕಾದ್ದು ಏನೂ ಇರಲಿಲ್ಲ.

"ಅಕ್ಕ, ವೆಂಡುಲಾ ಮದುವೆ. ತಾಯಿ ಇಲ್ಲದ ಮಗು ಅದು. ನೀನೇ ಬಂದು ನಿಲ್ಬೇಕು."

"ನಿಲ್ತೀನಿ. ಆದ್ರೆ ಮೊದಲ್ನೇ ಪೊಟ್ಟಣ ನಮ್ಮನೆಗೆ ಬರ್ಬೇಕು. ವೆಂಡುಲಾನೇ ತಂದು ಅವಳ ಮಾವ ಸಿರಿಲ್ ಕೈಗೆ ಕೊಡ್ಬೇಕು. ಒಪ್ಪಿಗೆನಾ?"

ಅವನು ತಲೆಯಾಡಿಸಿದ. ಬಾಯಿಬಿಟ್ಟು ಹೂಂ ಅನ್ನಲಿಲ್ಲ. ತಲೆಯಾಡಿಸಿದ್ದೇ ದೊಡ್ಡದು ಅಂದುಕೊಂಡು ನಾನು ಒಳಗೆ ಬಂದು ಸಿರಿಲ್‌ಗೆ ಹೇಳಿದೆ. ಅವನು ಮುಖ ಆ ಕಡೆ ತಿರುಗಿಸಿಕೊಂಡ. ಸಂತೋಷಕ್ಕೆ ಕಣ್ಣಲ್ಲಿ ನೀರು ಬಂದಿರಬೇಕೆಂದು ನಾನು ತಿಳಿದೆ.

ಪೊಟ್ಟಣದ ಕೊಲಾಚ್ ಸುಡುವ ದಿನ ತಮ್ಮನ ಅಡುಗೆಮನೆ ಹೆಂಗಸರಿಂದ ತುಂಬಿಹೋಗಿತ್ತು. ಒಬ್ಬೊಬ್ಬರು ಒಂದೊಂದು ತಂದಿದ್ದರು: ಬೆಣ್ಣೆ, ಮೊಟ್ಟೆ, ಬಟ್ಟೆಯಲ್ಲಿ ಕಟ್ಟಿ ನೀರಿಳಿಸಿದ ಗಟ್ಟಿ ಮೊಸರು, ಸಕ್ಕರೆ ಸೋಕಿಸದೆ ದಿನವಿಡೀ ಕಾಸಿದ ಪ್ಲಮ್ ಲೇಹ್ಯ. ಊರಿನಲ್ಲೇ ಹಿರಿಯಳಾದ ಅಪೊಲೆನಾ ಅಜ್ಜಿ ಮೂಲೆಯಲ್ಲಿ ಕೂತು ಗಸಗಸೆ ಅರೆಯುತ್ತಿದ್ದಳು. ನಾನು ಕಣಕವನ್ನು ತುಂಡು ಮಾಡಿ ಕೊಡುವುದು, ಒಬ್ಬಳು ಮಧ್ಯಕ್ಕೆ ಮೊಸರಿನ ಹೂರಣ ಇಡುವುದು, ಹೆಡ್ವಿಕಾ ಅಂಚು ಕೂಡಿಸಿ ಮುಚ್ಚಿ ಮಗುಚಿ ಹಾಕುವುದು, ಇನ್ನೊಬ್ಬಳು ಬೆರಳಿನಿಂದ ಮೇಲೆ ಗುಳಿ ಮಾಡಿ ಲೇಹ್ಯವೋ ಗಸಗಸೆಯೋ ತುಂಬುವುದು. ಕೊಲಾಚ್ ಒಂದೇ ತುತ್ತಿಗೆ ಬಾಯೊಳಗೆ ಹೋಗುವಷ್ಟು ಚಿಕ್ಕದಿರಬೇಕು, ಬಾಯಿ ತುಂಬಿದ್ದರೆ ನೆಂಟರು ಆಡಿಕೊಳ್ಳುವುದಕ್ಕೆ ಆಗುವುದಿಲ್ಲ ಅಂತ ಅಪೊಲೆನಾ ಅಜ್ಜಿ ಹೇಳುತ್ತಿದ್ದಳು. ಹೆಡ್ವಿಕಾ ವೆಂಡುಲಾಳನ್ನು ಬಿಡದೆ ಕಾಡಿದಳು. ನೀನು ಮುಚ್ಚಿದ್ದೆಲ್ಲ ಬಾಯಿ ಬಿಡ್ತಾ ಇದೆ, ನಿನ್ನ ಗಂಡ ನಿನ್ನ ಕೈಯಡುಗೆ ನೋಡಿ ಮೊದಲ ವಾರವೇ ಓಡಿಹೋಗ್ತಾನೆ ಅಂದಳು. ಆ ಹುಡುಗಿ ಕಿವಿತನಕ ಕೆಂಪಾಗಿ ನಕ್ಕಳು. ನಾನೂ ಎಷ್ಟೋ ವರ್ಷದ ಮೇಲೆ ಆ ಅಡುಗೆಮನೆಯಲ್ಲಿ ನಕ್ಕೆ. ಒತೀಲಿಯೆಯ ಏಪ್ರನ್ ಬಾಗಿಲ ಹಿಂದಿನ ಮೊಳೆಯಲ್ಲಿ ಇನ್ನೂ ನೇತಾಡುತ್ತಿತ್ತು, ಅತ್ತ ನೋಡದಂತೆ ಬೆನ್ನು ಹಾಕಿಕೊಂಡು ಕೆಲಸ ಮಾಡಿದೆ. ಸಂಜೆ ಸೊಟ್ಟಗಾದದ್ದು, ಸೀದದ್ದು, ಒಡೆದದ್ದನ್ನೆಲ್ಲ ಪದ್ಧತಿಯಂತೆ ನಾವು ಹೆಂಗಸರು ಹಂಚಿಕೊಂಡು ಮನೆಗೆ ಬಂದೆವು.

ಇಷ್ಟೆಲ್ಲ ಆದಮೇಲೆ ನಮ್ಮ ಗೇಟು ದಾಟಿ ಹೋದರು.

ನಾನು ಏಪ್ರನ್ ಕೂಡ ಬಿಚ್ಚದೆ ಬೀದಿ ದಾಟಿ ಅಲೋಯಿಸನ ಅಂಗಳಕ್ಕೆ ನುಗ್ಗಿದೆ. ಅವನು ಮದುವೆಗೆಂದು ತಂದ ಬೆಂಚುಗಳನ್ನು ಒರೆಸುತ್ತಿದ್ದ. ನನ್ನನ್ನು ಕಂಡು ಬಟ್ಟೆ ಹಿಂಡುವ ಕೆಲಸ ಹಚ್ಚಿಕೊಂಡ.

"ನಮ್ಮನೆ ಪೊಟ್ಟಣ ಎಲ್ಲೋ?"

"ಯಾಕಕ್ಕ, ಅವತ್ತೇ ಬುಟ್ಟಿ ತುಂಬ ತಗೊಂಡು ಹೋದ್ಯಲ್ಲ."

"ಅದು ನನ್ನ ಕೈಕೂಲಿ ಕಣೋ. ಸೀದಿದ್ದು, ಸೊಟ್ಟಗಿದ್ದಿದ್ದು. ಕೂಲಿ ಬೇರೆ, ಮರ್ಯಾದೆ ಬೇರೆ. ಬೇಲಿ ಹತ್ರ ನಿಂತು ತಲೆ ಆಡಿಸ್ದೋನು ನೀನಲ್ವಾ?"

ಅವನು ಒದ್ದೆ ಬಟ್ಟೆಯನ್ನು ಬೆಂಚಿನ ಮೇಲೆ ಎಸೆದ. ಭಾವ ಬಂದು ಹೌದು ಹಾಕಿದೆ ಅಂತ ಒಂದು ಮಾತು ಹೇಳಲಿ, ಪೊಟ್ಟಣ ನಾನೇ ತಲೆಯ ಮೇಲೆ ಹೊತ್ತು ತರುತ್ತೇನೆ, ಅಂದ. ಹಾಕದೇ ಇದ್ದದ್ದನ್ನು ಹಾಕಿದೆ ಅಂತ ಯಾಕೆ ಹೇಳಬೇಕು ಅಂತ ನಾನು ಕೂಗಿದೆ. ಹಾಕದೇ ಇದ್ದವನಾಗಿದ್ದರೆ ಅವತ್ತು ನೆಲಮಾಳಿಗೆಯಲ್ಲೇ ನನ್ನ ಕಪಾಳಕ್ಕೆ ಬಿಗಿಯುತ್ತಿದ್ದ, ಹಾಗೆ ಬಾಲ ಮುದುರಿಕೊಂಡು ಎದ್ದು ಹೋಗುತ್ತಿರಲಿಲ್ಲ, ಅಂತ ಅವನೂ ಕೂಗಿದ.

"ಕುಂಬಳಕಾಯಿ ಕಳ್ಳ ಅಂದ್ರೆ ಹೆಗಲು ಮುಟ್ಟಿ ನೋಡ್ಕೊಂಡ ಹಾಗೆ ಆಯ್ತು. ಊರಿಗೆಲ್ಲ ಗೊತ್ತು, ನಿಂಗೊಬ್ಬಳಿಗೇ ಗೊತ್ತಿಲ್ಲ."

ನಮ್ಮಪ್ಪ ನಮ್ಮಮ್ಮ ಹೋದಮೇಲೆ ಅವನ ಮೂಗು ಒರೆಸಿ ಬೆಳೆಸಿದವಳು ನಾನು. ಇನ್ನು ಮದುವೆಯ ಊಟದ ಮೇಜಿಗೆ ಬೇಕಾದ ಕೊಲಾಚ್ ಬಾಕಿ ಇತ್ತು, ಅದನ್ನು ಗುರುವಾರ ಸುಡಬೇಕಿತ್ತು. ಆ ಒಲೆ ನೀನೇ ಹೊತ್ತಿಸಿಕೋ, ಆ ಕಣಕ ನೀನೇ ನಾದಿಕೋ, ನನ್ನ ಹೆಣ ಬಿದ್ದರೂ ನಿನ್ನ ಮನೆಗೆ ಬರುವುದಿಲ್ಲ, ಅಂದೆ. ಅಷ್ಟು ಹೊತ್ತಿಗೆ ವೆಂಡುಲಾ ಖಾಲಿ ಬುಟ್ಟಿ ಹಿಡಿದು ಬಂದು ಅಂಗಳದಲ್ಲಿ ನಿಂತಿದ್ದಳು. ನಿಮ್ಮ ಮನೆಯದ್ದನ್ನು ತಾನೇ ಕೊಡುತ್ತೇನೆಂದು ಅಪ್ಪ ಹೇಳಿದ್ದ ಅತ್ತೆ, ಅಂತ ಮೆಲ್ಲಗೆ ಅಂದಳು. ನಾನು ಅವಳನ್ನೂ ದಾಟಿ ಬಂದುಬಿಟ್ಟೆ.

ಭಾನುವಾರ ಚರ್ಚಿಗೆ ಹೋಗಲಿಲ್ಲ. ಸೋಮವಾರ ಹೆಡ್ವಿಕಾ ಬಂದು ಬಾಗಿಲಲ್ಲೇ ನಿಂತು, ಕೋಪದಲ್ಲಿ ಕುಯ್ದ ಮೂಗು ಶಾಂತವಾದಮೇಲೆ ಬರುವುದಿಲ್ಲ, ಯೋಚನೆ ಮಾಡು ಅಂತ ಬುದ್ಧಿ ಹೇಳಿದಳು. ಮೂಗು ಕುಯ್ದವನು ನನ್ನ ತಮ್ಮ, ಅವನಿಗೆ ಹೋಗಿ ಹೇಳು ಅಂದೆ. ಸಿರಿಲ್ ಕೂಡ ಊಟದ ಹೊತ್ತಿಗೆ, ಹುಡುಗಿ ಏನು ಮಾಡಿದಾಳೆ ಪಾಪ, ಗುರುವಾರ ಹೋಗಿ ಬಾ ಅಂದ. ಅವನಿಗೂ ಸಿಕ್ಕಿತು ನನ್ನಿಂದ.

"ನಿನ್ನ ಮಾನ ಉಳ್ಸೋಕೆ ಊರನ್ನೇ ಎದುರು ಹಾಕ್ಕೊಂಡಿದೀನಿ. ನೀನೇ ಹೋಗು ಅಂತೀಯಲ್ಲ, ನಿಂಗೆ ಉಪ್ಪು ಖಾರ ಏನೂ ಇಲ್ವಾ?"

ಅವನು ತಟ್ಟೆ ಎತ್ತಿಕೊಂಡು ಹೋಗಿ ತೊಳೆದಿಟ್ಟ. ಅವನ ಆ ಒಳ್ಳೆಯತನ ಕಂಡು ನನಗೆ ತಮ್ಮನ ಮೇಲೆ ಇನ್ನಷ್ಟು ಸಿಟ್ಟು ಬಂತು.

ಗುರುವಾರ ಬೆಳಗ್ಗೆ ಎದುರು ಮನೆಗೆ ಹೆಂಗಸರು ಒಬ್ಬೊಬ್ಬರಾಗಿ ಹೋಗುವುದು ಕಾಣುತ್ತಿತ್ತು. ನಾನು ಕಿಟಕಿಗೆ ಬೆನ್ನು ಹಾಕಿ ಆಲೂಗೆಡ್ಡೆ ಸುಲಿಯುತ್ತಿದ್ದೆ. ಗೇಟು ಕಿರ್ ಅಂದಿತು. ವೆಂಡುಲಾ ಒಬ್ಬಳೇ ಬಂದಿದ್ದಳು. ಕೂದಲಿಗೆ ಹಿಟ್ಟು ಮೆತ್ತಿತ್ತು, ಮೊಣಕೈಯಲ್ಲಿ ಓವನ್ನಿನ ಕಂಬಿ ತಾಗಿ ಸುಟ್ಟ ಗೆರೆಯಿತ್ತು. ಬಿಳಿ ಬಟ್ಟೆಯಲ್ಲಿ ಕಟ್ಟಿದ ಒಂದು ಪೊಟ್ಟಣ ತಂದಿದ್ದಳು. ನನ್ನನ್ನು ದಾಟಿ ನೇರವಾಗಿ ಸಿರಿಲ್ ಹತ್ತಿರ ಹೋಗಿ ಅವನ ಎರಡೂ ಕೈ ಹಿಡಿದು ಅದರಲ್ಲಿ ಇಟ್ಟಳು.

"ಮಾವ, ಇದು ನಿಂಗೆ. ನಾನೇ ಮಾಡಿದ್ದು, ಬೆಳಿಗ್ಗೆ ಎದ್ದು. ಚೆನ್ನಾಗಾಗಿಲ್ಲ. ಅಪ್ಪಂಗೆ ಗೊತ್ತಿಲ್ಲ, ಗೊತ್ತಾದ್ರೂ ನಂಗೇನೂ ಇಲ್ಲ. ಯಾರು ಏನೇ ಅನ್ಲಿ, ನಮ್ಮ ಮಾವ ಅಂಥೋನಲ್ಲ ಅಂತ ನಂಗೊತ್ತು."

ಅತ್ತೆ, ನೀನು ಬಂದರೂ ಸರಿ ಬರದಿದ್ದರೂ ಸರಿ, ನಾನೇನೂ ತಿಳಿದುಕೊಳ್ಳುವುದಿಲ್ಲ ಅಂತ ನನಗೆ ಹೇಳಿ, ಬಂದಷ್ಟೇ ಬೇಗ ಹೋದಳು. ನಾನು ಬಂದು ಗಂಟು ಬಿಚ್ಚಿ ನೋಡಿದೆ. ಒಂದೂ ಗುಂಡಗಿಲ್ಲ. ಹೂರಣ ಹೊರಗೆ ಹರಿದು ಕಪ್ಪಗೆ ಅಂಟಿಕೊಂಡಿತ್ತು. ತಿನ್ನು, ಊರವರು ನೋಡಲಿ, ಮದುಮಗಳೇ ತಂದು ಕೊಟ್ಟಿದ್ದಾಳೆ, ಇನ್ನು ಯಾವನು ಏನು ಅಂತಾನೋ ಅನ್ನಲಿ, ಅಂತ ಸಿರಿಲ್ ಮುಂದೆ ಒಂದು ಹಿಡಿದೆ. ಅವನು ಬಾಯಿ ತೆರೆಯಲಿಲ್ಲ. ಮತ್ತೆ ಹಿಡಿದೆ. ನನ್ನ ಕೈಯನ್ನು ಪಕ್ಕಕ್ಕೆ ಸರಿಸಿದ.

"ಇದನ್ನ ನಾನು ತಿನ್ನೋ ಹಾಗಿಲ್ಲ ಬ್ಲಾಜೆನಾ. ನಾನು ಹಾಕಿದ್ದೆ."

"ಏನು ಹಾಕಿದ್ದೆ?"

"ಸಕ್ಕರೆ."

ಆಲೂಗೆಡ್ಡೆಯ ಚಾಕು ಇನ್ನೂ ನನ್ನ ಇನ್ನೊಂದು ಕೈಯಲ್ಲೇ ಇತ್ತು. ಅದನ್ನು ಮೇಜಿನ ಮೇಲಿಟ್ಟೆ. ಅವನು ನನ್ನ ಮುಖ ನೋಡದೆ ಹೇಳುತ್ತ ಹೋದ. ಆ ವರ್ಷ ಹೂ ಬಿಟ್ಟಾಗ ಹಿಮ ಬಿದ್ದು ನಮ್ಮ ಇಳಿಜಾರಿನ ಮರಗಳ ಅರ್ಧ ಹೂ ಸುಟ್ಟುಹೋಗಿತ್ತಂತೆ, ಅಲೋಯಿಸನ ಮರಗಳಿಗೆ ಏನೂ ಆಗಿರಲಿಲ್ಲವಂತೆ. ಅವನ ಪೀಪಾಯಿಗಳು ತುಂಬಿ ತುಳುಕುತ್ತಿದ್ದರೆ ತನ್ನ ಪೀಪಾಯಿ ಅರ್ಧ. ಅರ್ಧ ಪೀಪಾಯಿ ಇಟ್ಟುಕೊಂಡು ಹೆಂಡತಿಯ ತಮ್ಮನ ಪಕ್ಕ ಗಾಡಿಯಲ್ಲಿ ಕೂರಲು ನಾಚಿಕೆಯಾಯಿತಂತೆ. ಸಕ್ಕರೆಯೂ ನೀರೂ ಹಾಕಿ ತುಂಬಿಸಿದನಂತೆ. ಇಷ್ಟಕ್ಕೆ. ಇಷ್ಟೇ ಇಷ್ಟಕ್ಕೆ.

ನಾನು ಏನೇನು ಬೈದೆನೋ ಎಲ್ಲ ನೆನಪಿಲ್ಲ. ಬೀದಿಗೆ ಕೇಳಿಸಿರಬೇಕು. ನಿನ್ನ ಪರವಾಗಿ ನಾನು ನಾಯಿಯ ಹಾಗೆ ಊರಿನ ಮೇಲೆ ಬೊಗಳಿದೆನಲ್ಲ, ಆಗೆಲ್ಲ ನೀನು ಪೇಪರ್ ಓದುತ್ತ ಕೂತಿದ್ದೆಯಲ್ಲ, ಅಂದೆ. ಒತೀಲಿಯೆ ಹಾಸಿಗೆಯಲ್ಲಿದ್ದಾಗ ನೀನು ಈ ಒಂದು ಮಾತು ಹೇಳಿದ್ದರೆ ಆ ಬಾಗಿಲು ನನಗೆ ತೆರೆಯುತ್ತಿತ್ತಲ್ಲ, ಅಂದೆ. ಆಗ ಹೇಳಬೇಕೆಂದು ಎರಡು ಸಲ ಗೇಟಿನ ತನಕ ಹೋಗಿದ್ದೆ, ಅಷ್ಟು ವರ್ಷ ಸುಮ್ಮನಿದ್ದವನು ಆಗ ಹೇಗೆ ಹೇಳಲಿ ಅಂತ ತಿರುಗಿ ಬಂದೆ, ಅಂದ. ಈಗ ಮಾತ್ರ ಯಾಕೆ ಹೇಳಿದೆ ಅಂತ ಕೇಳಿದೆ. ಆ ಹುಡುಗಿ, ನನ್ನ ಮಾವ ಅಂಥವನಲ್ಲ ಅಂದಳಲ್ಲ, ಅಂದ.

"ಏಳು," ಅಂದೆ. "ಅವನು ನಾಲ್ಕು ಜನದ ಎದುರಿಗೆ ನಿನ್ನನ್ನ ಅಂದ. ನೀನೂ ನಾಲ್ಕು ಜನದ ಎದುರಿಗೇ ಹೇಳು. ಆ ಪೊಟ್ಟಣ ನೀನೇ ಹಿಡ್ಕೊ."

ಬೀದಿ ದಾಟಿದೆವು. ನಾನು ಮುಂದೆ, ಅವನು ಹಿಂದೆ, ಸ್ವೆಟರ್‌ನಲ್ಲೇ. ಅಡುಗೆಮನೆಯ ಬಾಗಿಲಲ್ಲಿ ನಮ್ಮನ್ನು ಕಂಡು ಹೆಂಗಸರೆಲ್ಲ ಇತ್ತ ತಿರುಗಿದರು. ಕಣಕ ನೀರುನೀರಾಗಿ ಮೇಜಿಗೆ ಅಂಟಿಕೊಂಡಿತ್ತು, ನಾನಿಲ್ಲದೆ ನಾದಿದರೆ ಇನ್ನೇನಾಗುತ್ತದೆ. ಅಲೋಯಿಸನನ್ನು ಕರೆಯಿರಿ ಅಂದೆ. ಅವನು ಅಂಗಳದಿಂದ ಒಳಗೆ ಬಂದು ಗೋಡೆಗೆ ಒರಗಿ ನಿಂತ. ಸಿರಿಲ್ ಪೊಟ್ಟಣವನ್ನು ಎರಡೂ ಕೈಯಲ್ಲಿ ಹಿಡಿದುಕೊಂಡು, ಹೆಡ್ವಿಕಾ, ಅಪೊಲೆನಾ ಅಜ್ಜಿ, ವೆಂಡುಲಾ ಎಲ್ಲರೂ ಕೇಳುವಂತೆ, ಆ ವರ್ಷ ಪೀಪಾಯಿಗೆ ಸಕ್ಕರೆ ಹಾಕಿದವನು ನಾನೇ, ಅಲೋಯಿಸ್ ಹೇಳಿದ್ದು ನಿಜ, ಅಂದ. ವೆಂಡುಲಾ ಕೈಯಲ್ಲಿದ್ದ ಬೋಗುಣಿಯನ್ನು ಮೆಲ್ಲಗೆ ಕೆಳಗಿಟ್ಟಳು.

ನನ್ನ ತಮ್ಮ ಗಹಗಹಿಸಿ ನಗುತ್ತಾನೆ ಅಂದುಕೊಂಡಿದ್ದೆ. ನೋಡಿದಿರಾ ಅಂತ ಎದೆಯುಬ್ಬಿಸುತ್ತಾನೆ, ಆಗ ಅವನಿಗೂ ಎರಡು ಬಿಗಿಯಬೇಕು ಅಂತ ತಯಾರಾಗಿಯೇ ಹೋಗಿದ್ದೆ. ಅವನು ಗೆದ್ದವನ ಹಾಗೆ ಕಾಣಲಿಲ್ಲ. ಬಾಗಿಲ ಹಿಂದಿನ ಏಪ್ರನ್ ಕಡೆಗೊಮ್ಮೆ, ನನ್ನ ಕಡೆಗೊಮ್ಮೆ ನೋಡಿದ. ಆಮೇಲೆ ಸ್ಟೂಲಿನ ಮೇಲೆ ಕೂತ.

"ಭಾವ ಹೇಳಿದ ಮೇಲೆ ನಾನೂ ಹೇಳ್ಬಿಡ್ತೀನಿ ಅಕ್ಕ. ಒತೀಲಿಯೆ ಕೊನೇ ವಾರ ಗಸಗಸೆ ಕೊಲಾಚ್ ಕೇಳಿದ್ಲು. ನಿನ್ನ ಕೈದೇ ಬೇಕು, ಹೋಗಿ ಕೇಳು ಅಂದ್ಲು."

"ನೀನು ಕೇಳ್ಲೇ ಇಲ್ವಲ್ಲೋ."

"ಹೇಗೆ ಕೇಳ್ಲಿ? ನಿನ್ನ ಗಂಡ ಬಾಯಿ ಬಿಡೋ ತನಕ ಬರ್ಬೇಡ ಅಂತ ನಾನೇ ಹೇಳಿ ಕಳ್ಸಿದ್ದೆ. ಪೇಟೆಗೆ ಹೋಗಿ ಅಂಗಡಿದು ತಂದೆ. ತಟ್ಟೇಲಿಟ್ಟು, ಬ್ಲಾಜೆನಾ ಕಳ್ಸಿದಾಳೆ ಅಂದೆ."

ಓವನ್ನಿನ ಮುಂದೆ ನಿಂತಿದ್ದವಳು ಬಾಗಿ ನೋಡುವುದನ್ನು ಮರೆತಳು.

"ತಿಂದ್ಲಾ?" ಅಂತ ಕೇಳಿದೆ.

"ಅಂಗಡೀದು ಒಣಕಲಾಗಿತ್ತು, ಒಂದು ಸಲ ಕಚ್ಚಿ ಕೆಳಗಿಟ್ಲು. ಬೇಕಂತಲೇ ಹೀಗೆ ಮಾಡಿ ಕಳ್ಸಿದಾಳೆ, ಬ್ಲಾಜೆನಾಗೆ ನನ್ನ ಮೇಲೂ ಇಷ್ಟೊಂದು ಸಿಟ್ಟಿದ್ಯಾ ಅಂದ್ಲು. ನಾನು ಏನೂ ಹೇಳ್ಲಿಲ್ಲ. ಹಾಗಂದ್ಕೊಂಡೇ ಹೋದ್ಲು ಅಕ್ಕ."

ಕೈಯೆತ್ತಿ ಹೊಡೆಯೋಣವೆಂದರೆ ಯಾರಿಗೆ ಮೊದಲು ಹೊಡೆಯುವುದು? ಒಬ್ಬ ಅರ್ಧ ಪೀಪಾಯಿಗೆ ನಾಚಿಕೊಂಡು ನನ್ನ ಬಾಯನ್ನು ಬಳಸಿಕೊಂಡ, ಇನ್ನೊಬ್ಬ ಹಟಕ್ಕೆ ಬಿದ್ದು ನನ್ನ ಕೈಯ ಹೆಸರನ್ನು ಬಳಸಿಕೊಂಡ. ನಡುವೆ ಒತೀಲಿಯೆ ಆ ಒಂದು ತುತ್ತನ್ನು ನನ್ನದೆಂದೇ ತಿಳಿದು ಹೋದಳು. ಬೀದಿಯಾಚೆ ನಮ್ಮ ಮನೆಯ ಓವನ್ನಿನಲ್ಲಿ ನಾನು ಆ ವಾರವೂ ಏನನ್ನೋ ಸುಡುತ್ತಲೇ ಇದ್ದಿರಬೇಕು, ಅದರ ಪರಿಮಳ ಅವಳ ಕಿಟಕಿಗೂ ಹೋಗಿರಬೇಕು. ಅವಳಿಗೆ ಈಗ ಹೇಳೋಣವೆಂದರೆ ಹೇಳುವುದು ಎಲ್ಲಿ.

"ಇಬ್ರೂ ಹೊರಗೆ ನಡೀರಿ," ಅಂದೆ.

ಹೋದರು. ಅಂಗಳದ ಬೆಂಚಿನ ಮೇಲೆ ಪಕ್ಕಪಕ್ಕ ಕೂತದ್ದು ಕಿಟಕಿಯಿಂದ ಕಾಣಿಸಿತು. ರಾಜಿಯಾದರೋ ಇಲ್ಲವೋ ಅದು ಅವರ ಪಾಡು, ನಾನು ಇಬ್ಬರ ಜೊತೆಗೂ ರಾಜಿಯಾಗಿಲ್ಲ. ವೆಂಡುಲಾ ಗೋಡೆಯ ಕಡೆ ಮುಖ ಮಾಡಿ ಅಳುತ್ತಿದ್ದಳು. ಅವಳ ಕೈಗೆ ಹಿಟ್ಟಿನ ಡಬ್ಬ ಕೊಟ್ಟು, ಅಳ್ತಾ ಅಳ್ತಾನೇ ಇದಕ್ಕೆ ಹಿಟ್ಟು ಉದುರಿಸು ಅಂದೆ. ಅಂಟುತ್ತಿದ್ದ ಕಣಕವನ್ನು ಎತ್ತಿ ಎತ್ತಿ ಮೇಜಿಗೆ ಬಡಿದು ನಾದಿದೆ, ತುಂಡು ಮಾಡಿದೆ, ಮೊಸರಿನ ಹೂರಣ ಇಟ್ಟು ಮುಚ್ಚಿದೆ, ಬೆರಳಿನಿಂದ ಗುಳಿ ಒತ್ತಿದೆ. ಅಪೊಲೆನಾ ಅಜ್ಜಿ ಗಸಗಸೆಯ ಪಾತ್ರೆಯನ್ನು ನನ್ನ ಮುಂದಕ್ಕೆ ತಳ್ಳಿದಳು. ನನಗೆ ಅದರೊಳಗೆ ಚಮಚ ಇಳಿಸಲು ಆಗಲಿಲ್ಲ. ಹೆಡ್ವಿಕಾ ಪಾತ್ರೆಯನ್ನು ತನ್ನ ಕಡೆ ಎಳೆದುಕೊಂಡು ತುಂಬಿದಳು.